ತೆರೆಯ ಮೇಲಿನ ಕನ್ನಡ: ಚಿ. ಉದಯಶಂಕರರ ಬರವಣಿಗೆ

ನಮ್ಮ ಸಾಹಿತ್ಯ ಚರಿತ್ರೆಗಳಲ್ಲಿ ಕವಿಗೆ ಒಂದು ಅಧ್ಯಾಯ, ಕಾದಂಬರಿಕಾರನಿಗೆ ಒಂದು ಅಧ್ಯಾಯ, ನಾಟಕಕಾರನಿಗೆ ಒಂದು ಅಧ್ಯಾಯ ಮೀಸಲಾಗಿರುತ್ತದೆ. ಹರಟೆ ಬರೆದವರಿಗೂ ಪ್ರವಾಸಕಥನ ಬರೆದವರಿಗೂ ಒಂದೆರಡು ಪುಟಗಳು ಸಲ್ಲುತ್ತವೆ. ಚಲನಚಿತ್ರಕ್ಕೆ ಮಾತು ಬರೆದವನಿಗೆ ಮಾತ್ರ ಅಡಿಟಿಪ್ಪಣಿಯಲ್ಲಿಯೂ ಸ್ಥಳ ದೊರೆಯುವುದು ಅಪರೂಪ. ಸಾವಿರ ಪ್ರತಿ ಅಚ್ಚಾದ ಕವನಸಂಕಲನವೊಂದು ಖರ್ಚಾಗಲು ವರ್ಷಗಳೇ ಹಿಡಿಯುವ ನಾಡಿನಲ್ಲಿ, ಒಂದು ಚಿತ್ರದ ಸಂಭಾಷಣೆಯನ್ನು ಅಷ್ಟೇ ಜನ ಒಂದೇ ಸಂಜೆ ಕೇಳಿ, ಮಾರನೆಯ ದಿನ ತಮ್ಮ ಮಾತಿನಲ್ಲಿ ಬೆರೆಸಿಕೊಂಡಿರುತ್ತಾರೆ. ಆ ಮಾತನ್ನು ಆಡಿದ ನಟನ ಹೆಸರು ಅವರಿಗೆ ಗೊತ್ತು. ಬರೆದವನ ಹೆಸರನ್ನು ಕೇಳಿದರೆ ಸುಮ್ಮನಾಗುತ್ತಾರೆ. ಹೀಗೆ ನಟನ ಕಂಠದ ಹಿಂದೆ ಮೂವತ್ತು ವರ್ಷ ಬರೆದುಕೊಂಡೇ ಇದ್ದ ಒಬ್ಬ ಲೇಖಕರನ್ನು ಕುರಿತು ಈ ಹೊತ್ತು ಕೆಲವು ಮಾತುಗಳನ್ನು ಹೇಳಬೇಕೆಂದಿದ್ದೇನೆ. ಅವರು ಚಿ. ಉದಯಶಂಕರ್.

ಉದಯಶಂಕರ್ ಹುಟ್ಟಿದ್ದು 1934ರ ಫೆಬ್ರವರಿ 18ರಂದು. ಹೆಸರಿನ ಮುಂದಿರುವ 'ಚಿ' ಮನೆತನದ ಊರಾದ ಚಿಟ್ನಹಳ್ಳಿಯ ಮೊದಲಕ್ಷರ. ತಂದೆ ಚಿ. ಸದಾಶಿವಯ್ಯನವರೂ ಚಿತ್ರಸಾಹಿತಿಗಳೇ, ಆದ್ದರಿಂದ ಲೇಖನಿ ಅವರಿಗೆ ಮನೆಯಲ್ಲಿಯೇ ದೊರೆತ ಆಸ್ತಿ. ಇಲ್ಲಿ ಗಮನಿಸಬೇಕಾದ ಒಂದು ಕಾಕತಾಳೀಯವಿದೆ. ಅದೇ 1934ರ ಮಾರ್ಚ್ 3ರಂದು, ಎಂದರೆ ಈ ಮಗು ಹುಟ್ಟಿ ಎರಡು ವಾರ ಕಳೆಯುವಷ್ಟರಲ್ಲಿ, ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' ಬೆಂಗಳೂರಿನಲ್ಲಿ ತೆರೆಕಂಡಿತು. ಕನ್ನಡ ತೆರೆಗೆ ಮಾತು ಬಂದ ವರ್ಷವೂ ಆ ತೆರೆಗೆ ಅತಿ ಹೆಚ್ಚು ಮಾತು ಬರೆದವರಲ್ಲಿ ಒಬ್ಬರು ಹುಟ್ಟಿದ ವರ್ಷವೂ ಒಂದೇ.

ಆ ಮೊದಲ ಚಿತ್ರಕ್ಕೆ ಮಾತನ್ನೂ ಹಾಡನ್ನೂ ಬರೆದವರು ಬೆಳ್ಳಾವೆ ನರಹರಿಶಾಸ್ತ್ರಿಗಳು. ಬೆಳ್ಳಾವೆ ತುಮಕೂರಿನ ಸೆರಗಿನಲ್ಲಿರುವ ಊರು. ಶಾಸ್ತ್ರಿಗಳು ಗುಬ್ಬಿ ವೀರಣ್ಣನವರ ಕಂಪೆನಿಗೆ ನಾಟಕಗಳನ್ನು ಬರೆದುಕೊಟ್ಟವರು; ಗುಬ್ಬಿಯಾದರೋ ತುಮಕೂರಿನಿಂದ ತಿಪಟೂರಿಗೆ ಬರುವ ರೈಲುದಾರಿಯ ನಡುವೆ ಸಿಗುತ್ತದೆ. ತಿಪಟೂರಿನಲ್ಲಿ ಹುಟ್ಟಿದ ಟಿ. ಆರ್. ನರಸಿಂಹರಾಜು 1954ರ 'ಬೇಡರ ಕಣ್ಣಪ್ಪ'ದಲ್ಲಿ, ರಾಜಕುಮಾರ್ ನಾಯಕನಟರಾಗಿ ಬಂದ ಆ ಚಿತ್ರದಲ್ಲಿಯೇ, ತೆರೆಗೆ ಬಂದರು. ಅದಕ್ಕೆ ಮಾತು ಬರೆದ ಜಿ. ವಿ. ಅಯ್ಯರ್ ಅವರೂ ಗುಬ್ಬಿ ಕಂಪೆನಿಯ ನೆರಳಿನಲ್ಲಿ ಬೆಳೆದವರು. ತೆಂಗಿನ ಸೀಮೆಯ ನಾವು ಸಿನಿಮಾವನ್ನು ಮದರಾಸಿನಿಂದ ಡಬ್ಬಿಗಳಲ್ಲಿ ಬಂದ ವಸ್ತುವೆಂದು ತಿಳಿಯುವುದುಂಟು. ಅದರ ಮಾತಿನ ಬೇರು ಮಾತ್ರ ಬಹುಮಟ್ಟಿಗೆ ನಮ್ಮ ಸುತ್ತಿನ ಕಂಪೆನಿ ನಾಟಕದ ಮಣ್ಣಿನಲ್ಲಿಯೇ ಇತ್ತು.

ಚಿತ್ರಸಾಹಿತಿಯ ಕಸುಬು ಏನೆಂಬುದನ್ನು ಮೊದಲು ತಿಳಿದುಕೊಳ್ಳುವುದು ಒಳ್ಳೆಯದು. ಕಥೆ ಯಾರದಾದರೂ ಆಗಿರಬಹುದು: ಪುರಾಣದ್ದು, ಕಾದಂಬರಿಯದು, ಪರಭಾಷೆಯ ಚಿತ್ರದ್ದು. ಅದನ್ನು ದೃಶ್ಯಗಳನ್ನಾಗಿ ಒಡೆದು, ಯಾವುದು ಮೊದಲು, ಯಾವುದು ಆಮೇಲೆ, ಎಲ್ಲಿ ಹಾಡು, ಎಲ್ಲಿ ಹೊಡೆದಾಟ ಎಂದು ಕಟ್ಟುವುದು ಚಿತ್ರಕಥೆ. ಈ ಕೆಲಸದಲ್ಲಿ ನಿರ್ದೇಶಕ, ನಿರ್ಮಾಪಕ, ಸಾಹಿತಿ ಎಲ್ಲರೂ ಸುತ್ತ ಕುಳಿತು ಚರ್ಚಿಸುತ್ತಾರೆ. ಅಲ್ಲಿಂದ ಮುಂದೆ ಸಾಹಿತಿ ಒಬ್ಬನೇ. ಪ್ರತಿಯೊಂದು ದೃಶ್ಯಕ್ಕೂ ಸಂಭಾಷಣೆ ಬರೆಯಬೇಕು; ಬರೆದದ್ದನ್ನು ನಟರಿಗೆ ಓದಿ ಹೇಳಬೇಕು; ಬಾಯಿಗೆ ಒಗ್ಗದ ಶಬ್ದವನ್ನು ಅಲ್ಲಿಯೇ ನಿಂತು ತಿದ್ದಬೇಕು. ಬಳಿಕ ಸಂಗೀತ ನಿರ್ದೇಶಕನು ಹಾರ್ಮೋನಿಯಂ ಮುಂದಿಟ್ಟುಕೊಂಡು ಹೇಳುವ ಮಟ್ಟಿಗೆ ಹಾಡನ್ನು ಹೊಂದಿಸಬೇಕು. ಉದಯಶಂಕರ್ ಈ ಕೆಲಸಗಳನ್ನೆಲ್ಲ ಮಾಡಿದರು. ಸಾಲದೆಂಬಂತೆ ಹಲವು ಚಿತ್ರಗಳಲ್ಲಿ ಚಿಕ್ಕಪುಟ್ಟ ಪಾತ್ರಗಳನ್ನೂ ಧರಿಸಿದರು.

ಇಂತಹ ಬರವಣಿಗೆಯನ್ನು ಅಳೆಯಲು ಯಾವ ಅಳತೆಗೋಲನ್ನು ಹಿಡಿಯಬೇಕು? ಹೊಸತನ್ನು ಹುಡುಕಬೇಕಾಗಿಲ್ಲ. ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ತೀರ್ಥಪುರದವರಾದ ತೀ. ನಂ. ಶ್ರೀಕಂಠಯ್ಯನವರು 'ಭಾರತೀಯ ಕಾವ್ಯಮೀಮಾಂಸೆ'ಯಲ್ಲಿ ಔಚಿತ್ಯವನ್ನು ಕುರಿತು ವಿವರಿಸಿದ್ದಾರೆ. ಯಾರು, ಯಾರೊಡನೆ, ಎಲ್ಲಿ, ಯಾವ ಮನಃಸ್ಥಿತಿಯಲ್ಲಿ ಆಡುತ್ತಿದ್ದಾರೆ ಎಂಬುದಕ್ಕೆ ತಕ್ಕ ಮಾತೇ ಉಚಿತವಾದ ಮಾತು. ಕವಿ ಔಚಿತ್ಯವನ್ನು ತಪ್ಪಿದರೆ ವಿಮರ್ಶಕ ಗದರಿಸುತ್ತಾನೆ. ಚಿತ್ರಸಾಹಿತಿ ತಪ್ಪಿದರೆ ಮುಂದಿನ ಬೆಂಚಿನವನು ಶಿಳ್ಳೆ ಹಾಕುತ್ತಾನೆ. ಎರಡನೆಯದು ಹೆಚ್ಚು ಕಠಿಣವಾದ ಶಿಕ್ಷೆ. ಜನಪ್ರಿಯ ಚಿತ್ರಗಳಲ್ಲಿ ಭಕ್ತಿಯ ಚಿತ್ರ, ಐತಿಹಾಸಿಕ ಚಿತ್ರ, ಪತ್ತೇದಾರಿ ಚಿತ್ರ, ಸಂಸಾರದ ಚಿತ್ರ ಎಂಬ ಜಾತಿಗಳಿವೆ. ಒಂದೊಂದಕ್ಕೂ ಅದರದೇ ಆದ ಮಾತಿನ ಧರ್ಮವಿದೆ. ಒಬ್ಬನೇ ಲೇಖಕ ಒಂದೇ ವರ್ಷದಲ್ಲಿ ಇವುಗಳ ನಡುವೆ ಓಡಾಡಬೇಕಾದಾಗ ಅವನ ಭಾಷೆ ಎಷ್ಟು ಹಿಗ್ಗಬಲ್ಲದೆಂಬುದು ಗೊತ್ತಾಗುತ್ತದೆ.

ಉದಯಶಂಕರರ ಹೆಸರು ಮೊದಲು ಬೆಳಕಿಗೆ ಬಂದದ್ದು 1963ರಲ್ಲಿ, ಸುಂದರರಾವ್ ನಾಡಕರ್ಣಿಯವರು ನಿರ್ದೇಶಿಸಿದ 'ಸಂತ ತುಕಾರಾಂ' ಚಿತ್ರದಿಂದ. ತುಕಾರಾಮ ದೇಹೂವಿನ ಸಂತ. ಅವನ ಬಾಯಿಂದ ಹೊರಟದ್ದು ಮರಾಠಿ. 1936ರಲ್ಲಿಯೇ ಪ್ರಭಾತ್ ಸಂಸ್ಥೆಯವರು ಮರಾಠಿಯಲ್ಲಿ ತೆಗೆದ ಚಿತ್ರವಂತೂ ಹೆಸರುವಾಸಿಯಾಗಿತ್ತು. ಆ ಸಂತನನ್ನು ಕನ್ನಡಿಗನ ಮುಂದೆ ನಿಲ್ಲಿಸಿದಾಗ ಅವನು ಪರಭಾಷೆಯವನೆಂದು ಒಂದು ಗಳಿಗೆಯೂ ಅನ್ನಿಸಕೂಡದು. ದಾಸರ ಪದಗಳನ್ನೂ ವಚನಗಳನ್ನೂ ಕೇಳಿ ಬೆಳೆದ ಕಿವಿಗೆ ಹಿಡಿಸುವ ಸರಳತೆ ಅಲ್ಲಿ ಬೇಕು. ಮೂವತ್ತು ತುಂಬದ ಲೇಖಕನಿಗೆ ಇದು ದೊಡ್ಡ ಪರೀಕ್ಷೆ.

ಇದಾದ ಐದೇ ವರ್ಷಕ್ಕೆ ಕನ್ನಡ ಚಿತ್ರಕ್ಕೆ ಬೇರೊಂದು ಗಾಳಿ ಬೀಸಿತು. 1962ರಲ್ಲಿ ಇಂಗ್ಲಿಷಿನ ಮೊದಲ ಜೇಮ್ಸ್ ಬಾಂಡ್ ಚಿತ್ರ ಬಂದಿತ್ತು. ಅದರ ಪ್ರಭಾವದಿಂದ ದೊರೈ-ಭಗವಾನ್ ಜೋಡಿ 1968ರಲ್ಲಿ 'ಜೇಡರ ಬಲೆ'ಯನ್ನೂ ಅದರ ಬೆನ್ನಿಗೇ 'ಗೋವಾದಲ್ಲಿ ಸಿ.ಐ.ಡಿ. 999'ನ್ನೂ ತೆರೆಗೆ ತಂದಿತು. ಅದೇ ಸರಣಿಯಲ್ಲಿ 1978ರಲ್ಲಿ ಬಂದ 'ಆಪರೇಷನ್ ಡೈಮಂಡ್ ರ‍್ಯಾಕೆಟ್' ಚಿತ್ರಕ್ಕೆ ಉದಯಶಂಕರರ ಸಂಭಾಷಣೆಯಿದೆ. ಪತ್ತೇದಾರನ ಮಾತು ಗಿಡ್ಡವಾಗಿರಬೇಕು. ಅವನು ಉಪದೇಶ ಮಾಡುವಂತಿಲ್ಲ, ದೇವರನ್ನು ಕರೆಯುವಂತಿಲ್ಲ. ಸೂಟು ತೊಟ್ಟು ಪಿಸ್ತೂಲು ಹಿಡಿದವನು ಕನ್ನಡದಲ್ಲಿಯೇ ಚುರುಕಾಗಿ ಮಾತನಾಡಬಲ್ಲನೆಂಬುದನ್ನು ಆಗ ತೋರಿಸಿಕೊಡಬೇಕಾಗಿತ್ತು. ನಮ್ಮ ಭಾಷೆ ಪುರಾಣಕ್ಕೆ ಸರಿ, ಆಧುನಿಕ ಬದುಕಿನ ವೇಗಕ್ಕೆ ಒಗ್ಗದು ಎಂಬ ಸಂಶಯ ವಿದ್ಯಾವಂತರಲ್ಲಿ ಇದ್ದ ಕಾಲ ಅದು. ಆ ಸಂಶಯವನ್ನು ಭಾಷಣಗಳು ಎಷ್ಟು ಕಳೆದವೋ ನಾನರಿಯೆ; ಇಂತಹ ಚಿತ್ರಗಳು ಸದ್ದಿಲ್ಲದೆ ಕಳೆದವು.

ಎಪ್ಪತ್ತರ ದಶಕ ಉದಯಶಂಕರರ ಸುಗ್ಗಿಯ ಕಾಲ. ಕನ್ನಡದ ಕಾದಂಬರಿಗಳು ಒಂದಾದ ಮೇಲೊಂದರಂತೆ ಚಿತ್ರಗಳಾಗುತ್ತಿದ್ದವು. ತ. ರಾ. ಸುಬ್ಬರಾಯರ ಮೂರು ಕಾದಂಬರಿಗಳನ್ನು ಹೆಣೆದು ಪುಟ್ಟಣ್ಣ ಕಣಗಾಲರು 1972ರಲ್ಲಿ 'ನಾಗರಹಾವು' ಚಿತ್ರವನ್ನು ನಿರ್ದೇಶಿಸಿದಾಗ ಸಂಭಾಷಣೆ ಉದಯಶಂಕರರದು. ವಾಣಿಯವರ 'ಎರಡು ಕನಸು' 1974ರಲ್ಲಿ ಚಿತ್ರವಾಯಿತು; ದೇವುಡು ನರಸಿಂಹಶಾಸ್ತ್ರಿಗಳ 'ಮಯೂರ' 1975ರಲ್ಲಿ. 'ನಾಗರಹಾವು'ವಿನ ರಾಮಾಚಾರಿ ದುರ್ಗದ ಹುಂಬ ಹುಡುಗ. ಅವನ ಮಾತು ಕಲ್ಲು ಎಸೆದಂತಿರಬೇಕು. ಅವನನ್ನು ತಣಿಸುವ ಚಾಮಯ್ಯ ಮೇಷ್ಟರ ಮಾತು ತಲೆ ನೇವರಿಸಿದಂತಿರಬೇಕು. 'ಮಯೂರ'ದ ಕದಂಬರ ಅರಸನಿಗೆ ಇವೆರಡೂ ಸಲ್ಲವು. ಅವನಿಗೆ ಹಳಗನ್ನಡದ ಗಾಂಭೀರ್ಯದ ನೆರಳಿರುವ, ಆದರೆ ಸಂತೆಯಿಂದ ನೇರವಾಗಿ ಟಾಕೀಸಿಗೆ ಬಂದವನಿಗೂ ಅರ್ಥವಾಗುವ ನುಡಿ ಬೇಕು. ತುರುವೇಕೆರೆ ತಾಲ್ಲೂಕಿನ ಸಂಪಿಗೆಯಲ್ಲಿ ಹುಟ್ಟಿದ ಬಿ. ಎಂ. ಶ್ರೀಕಂಠಯ್ಯನವರು ರುದ್ರನಾಟಕಕ್ಕೆ ಎಂತಹ ಕನ್ನಡ ತಕ್ಕದ್ದೆಂದು 'ಅಶ್ವತ್ಥಾಮನ್' ಬರೆಯುವಾಗ ಎದುರಿಸಿದ ಪ್ರಶ್ನೆಯೇ ಇಲ್ಲಿಯೂ ಇದೆ. ಶ್ರೀಯವರು ಓದುಗನಿಗಾಗಿ ಹಳಗನ್ನಡದತ್ತ ನಡೆದರು. ಚಿತ್ರಸಾಹಿತಿಗೆ ಆ ದಾರಿ ಮುಚ್ಚಿತ್ತು.

ಕಾದಂಬರಿಯನ್ನು ಸಂಭಾಷಣೆಯಾಗಿಸುವುದೆಂದರೆ ಮುಖ್ಯವಾಗಿ ಬಿಡುವ ಕೆಲಸ. ನಮ್ಮ ಕಡೆಯವರಿಗೆ ಇದನ್ನು ಬೇಗ ವಿವರಿಸಬಹುದು. ತೆಂಗಿನಕಾಯಿಯನ್ನು ಅಟ್ಟಕ್ಕೆ ಹಾಕಿ ತಿಂಗಳುಗಟ್ಟಲೆ ಕಾಯುತ್ತೇವೆ. ಒಳಗಿನ ನೀರು ತಾನಾಗಿ ಆರಿ, ತಿರುಳು ಚಿಪ್ಪನ್ನು ಬಿಟ್ಟು, ಅಲುಗಿಸಿದರೆ ಲೊಟಲೊಟನೆ ಸದ್ದು ಮಾಡಿದಾಗ ಕೊಬ್ಬರಿ ಸಿದ್ಧವಾಯಿತೆಂದು ಅರ್ಥ. ಅವಸರಪಟ್ಟು ಒಡೆದರೆ ಇಡೀ ಗಿಟುಕು ಸಿಗದು. ಕಾದಂಬರಿಕಾರನ ವರ್ಣನೆ, ಮನೋವಿಶ್ಲೇಷಣೆ ಎಲ್ಲವೂ ಆರಿ, ಪಾತ್ರ ತನ್ನಷ್ಟಕ್ಕೆ ಬಿಡಿಸಿಕೊಂಡು ನುಡಿಯುವ ಹಂತಕ್ಕೆ ಬಂದಾಗ ಸಂಭಾಷಣೆ ಹುಟ್ಟುತ್ತದೆ. ಚಿತ್ರೋದ್ಯಮ ಆ ಕಾಯುವಿಕೆಗೆ ತಿಂಗಳುಗಳನ್ನು ಕೊಡುವುದಿಲ್ಲ, ದಿನಗಳನ್ನು ಕೊಡುತ್ತದೆ. ಉದಯಶಂಕರರ ಶಕ್ತಿ ಇರುವುದು ಆ ವೇಗದಲ್ಲಿಯೂ ತಿರುಳನ್ನು ಒಡೆಯದಂತೆ ಬಿಡಿಸಿದ್ದರಲ್ಲಿ.

ಬರೆಯದೆ ಇರುವುದೂ ಬರವಣಿಗೆಯೇ ಎಂಬುದಕ್ಕೆ 1971ರ 'ಕಸ್ತೂರಿ ನಿವಾಸ'ವನ್ನು ನೋಡಬೇಕು. ಕಥೆ ಜಿ. ಬಾಲಸುಬ್ರಮಣ್ಯಂ ಅವರದು, ಮಾತು ಉದಯಶಂಕರರದು. ಕೊಟ್ಟೇ ಅಭ್ಯಾಸವಾದ, ಬೇಡಲು ಬಾರದ ಒಬ್ಬ ಶ್ರೀಮಂತ ಎಲ್ಲವನ್ನೂ ಕಳೆದುಕೊಳ್ಳುತ್ತಾನೆ. ಕೊನೆಯಲ್ಲಿ ಮನೆಗೆ ಬಂದವಳ ಊಟಕ್ಕಾಗಿ ತನ್ನ ಪ್ರೀತಿಯ ಪಾರಿವಾಳವನ್ನು ಮಾರುತ್ತಾನೆ. ಅವಳು ಕೇಳಲು ಬಂದಿದ್ದದ್ದು ಆ ಪಾರಿವಾಳವನ್ನೇ ಎಂಬುದು ಆಮೇಲೆ ತಿಳಿಯುತ್ತದೆ. ಇಂತಹ ಸನ್ನಿವೇಶ ಸಿಕ್ಕಿದರೆ ಕಂಪೆನಿ ನಾಟಕದ ಕವಿ ಎರಡು ಪುಟದ ವಿಲಾಪವನ್ನು ಬರೆದಾನು, ಸಭೆ ಅದನ್ನು ಮೆಚ್ಚಿಯೂ ಮೆಚ್ಚೀತು. ಚಿತ್ರದಲ್ಲಿ ಸನ್ನಿವೇಶವೇ ಮಾತಾಗಿ ನಿಲ್ಲುತ್ತದೆ. ನಾಟಕದಿಂದ ಬಂದ ನುಡಿ ಚಿತ್ರದ ನುಡಿಯಾಗಿ ಮಾಗಿದ್ದನ್ನು ಇಲ್ಲಿ ಕಾಣಬಹುದು.

ಆ ಕಾಲದಲ್ಲಿ ಚಿತ್ರಸಾಹಿತಿಗೆ ಇಷ್ಟೊಂದು ಕೆಲಸ ದೊರೆತದ್ದಕ್ಕೆ ಇನ್ನೊಂದು ಕಾರಣವೂ ಉಂಟು. ಅರವತ್ತರ ದಶಕದಲ್ಲಿ ಅ. ನ. ಕೃಷ್ಣರಾಯರೂ ಮತ್ತಿತರರೂ ನಡೆಸಿದ ಕನ್ನಡಪರ ಚಳವಳಿಯ ಫಲವಾಗಿ ಡಬ್ಬಿಂಗ್ ಚಿತ್ರಗಳು ದಶಕಗಳ ಕಾಲ ಕನ್ನಡದಿಂದ ದೂರವಾದವು. ಪರಭಾಷೆಯ ಕಥೆ ಬೇಕಾದರೆ ಅದನ್ನು ಕನ್ನಡದಲ್ಲಿ ಹೊಸದಾಗಿ ಬರೆದು, ಕನ್ನಡದ ನಟರಿಂದ ಆಡಿಸಬೇಕಾಯಿತು. 1976ರ 'ಪ್ರೇಮದ ಕಾಣಿಕೆ'ಯ ಕಥೆ ಹಿಂದಿಯ ಪ್ರಸಿದ್ಧ ಜೋಡಿ ಸಲೀಂ-ಜಾವೇದರದು. ಕೊಲೆ, ಸಾಕ್ಷಿ, ಸೇಡು ಎಂದು ಹೆಣೆದ ರೋಚಕ ವಸ್ತು. ಅದನ್ನು ಕನ್ನಡದ ಮನೆಯೊಳಗೆ ತಂದು ಕೂರಿಸಿದ್ದು ಉದಯಶಂಕರರ ಸಂಭಾಷಣೆ. 1973ರಲ್ಲಿ 'ಜಂಜೀರ್' ಬಿಡುಗಡೆಯಾದಾಗ ತಮ್ಮ ಹೆಸರಿಲ್ಲದ ಭಿತ್ತಿಪತ್ರಗಳ ಮೇಲೆ ಆ ಜೋಡಿ ಬಣ್ಣದಿಂದ ಹೆಸರು ಬರೆಸಿತೆಂಬ ಸಂಗತಿ ಎಲ್ಲರಿಗೂ ತಿಳಿದದ್ದೇ. ಲೇಖಕನ ಹೆಸರು ತೆರೆಯ ಹಿಂದೆ ಅಡಗುವುದು ಕನ್ನಡಕ್ಕಷ್ಟೇ ಸೇರಿದ ಕಥೆಯಲ್ಲ ಎಂಬುದಕ್ಕೆ ಇದು ಸಾಕ್ಷಿ.

ಸಮುದ್ರದಾಚೆಗೂ ಒಮ್ಮೆ ನೋಡೋಣ. ಹಾಂಗ್‌ಕಾಂಗ್ ಮತ್ತು ತೈವಾನುಗಳಲ್ಲಿ ಅದೇ ಅರವತ್ತು, ಎಪ್ಪತ್ತರ ದಶಕಗಳಲ್ಲಿ ಕತ್ತಿವರಸೆಯ ಚಿತ್ರಗಳ ಸುಗ್ಗಿ ನಡೆದಿತ್ತು. ಉದಯಶಂಕರರಿಗಿಂತ ಒಂದು ವರ್ಷಕ್ಕೆ ಕಿರಿಯನಾದ ನೀ ಕುವಾಂಗ್ ಎಂಬ ಲೇಖಕ 1967ರ 'ಒಂಟಿಗೈ ಖಡ್ಗಧಾರಿ' ಚಿತ್ರಕ್ಕೆ ಬರೆದು, ಮುಂದೆ ನೂರಾರು ಚಿತ್ರಕಥೆಗಳನ್ನು ಕೊಟ್ಟ. ತೈವಾನಿನ ಗು ಲಾಂಗನ ವೀರಕಥೆಗಳು ಕಾದಂಬರಿಗಳಾಗಿ ಜನಪ್ರಿಯವಾಗಿ, ಬಳಿಕ ಚಿತ್ರಗಳಾದವು. ಅಲ್ಲಿಯೂ ಪಂಡಿತರು ಇಂತಹ ಬರವಣಿಗೆಯನ್ನು ಬಹುಕಾಲ ಕಡೆಗಣ್ಣಿನಿಂದಲೇ ನೋಡಿದರು. ಇಂದು ಅದನ್ನು ಅಧ್ಯಯನದ ವಸ್ತುವಾಗಿ ಸ್ವೀಕರಿಸಿದ್ದಾರೆ. ಒಂದು ಸಮಾಜ ಸಾಮೂಹಿಕವಾಗಿ ಕಂಡ ಕನಸುಗಳನ್ನು ಬರೆದವರು ಯಾರೆಂದು ಕೇಳುವುದು ಎಲ್ಲೆಡೆಯೂ ತಡವಾಗಿ ಹುಟ್ಟುವ ಪ್ರಶ್ನೆ.

ಇನ್ನು, ಉದಯಶಂಕರರು ಬರೆದ ಕನ್ನಡ ಯಾರ ಕನ್ನಡ ಎಂಬ ಪ್ರಶ್ನೆಗೆ ಬರುತ್ತೇನೆ. ನನಗೆ ಇದು ಎಲ್ಲಕ್ಕಿಂತ ಮುಖ್ಯವಾಗಿ ತೋರುತ್ತದೆ. ತಿಪಟೂರಿನ ಸಂತೆಗೆ ಬಂದ ರೈತ 'ಓಯ್ತೀನಿ', 'ಬತ್ತೀನಿ' ಎನ್ನುತ್ತಾನೆ. ಧಾರವಾಡದವನ ನುಡಿ ಬೇರೆ, ಕುಂದಾಪುರದವನದು ಬೇರೆ, ಕಾಸರಗೋಡಿನವನದು ಮತ್ತೂ ಬೇರೆ. ಕನ್ನಡವೆಂಬುದು ಒಂದಲ್ಲ, ಹಲವು ಎಂದು 'ಕವಿರಾಜಮಾರ್ಗ'ದ ಕಾಲಕ್ಕೇ ನಮ್ಮವರು ಅರಿತಿದ್ದರು. 1956ರಲ್ಲಿ ರಾಜ್ಯ ಒಂದಾದ ಮೇಲೆ ಈ ಹಲವು ಕನ್ನಡಗಳ ಜನ ಒಂದೇ ತೆರೆಯ ಮುಂದೆ ಕುಳಿತರು. ಅವರೆಲ್ಲರಿಗೂ ತಿಳಿಯುವ, ಯಾರೊಬ್ಬರ ಹಟ್ಟಿಗೂ ಸೇರದ, ಪುಸ್ತಕದ ಕನ್ನಡಕ್ಕಿಂತ ಬೆಚ್ಚಗಿರುವ ಒಂದು ನುಡಿ ಬೇಕಾಯಿತು. ರಾಜಕುಮಾರರ ಸ್ಪಷ್ಟವಾದ ಉಚ್ಚಾರಣೆ ಅದಕ್ಕೆ ದೇಹವಾಯಿತು. ಉದಯಶಂಕರರಂತಹ ಲೇಖಕರು ಅದಕ್ಕೆ ವಾಕ್ಯವನ್ನು ಕೊಟ್ಟರು. ಶಾಲೆಯ ಮೆಟ್ಟಿಲು ಹತ್ತದ ಎಷ್ಟೋ ಜನರಿಗೆ ಆ ಕನ್ನಡವೇ ಪಠ್ಯಪುಸ್ತಕವಾಯಿತು. ಭಾಷಾ ಏಕೀಕರಣದ ಚರಿತ್ರೆಯನ್ನು ಬರೆಯುವವರು ಈ ಉಪಕಾರವನ್ನು ಮರೆಯುವಂತಿಲ್ಲ.

ಆದರೆ ಈ ಲಾಭಕ್ಕೆ ಒಂದು ಬೆಲೆಯನ್ನೂ ತೆತ್ತಿದ್ದೇವೆ. ನಾಯಕ ಶುದ್ಧ ಕನ್ನಡವನ್ನಾಡಿದರೆ ಊರ ಕನ್ನಡ ಯಾರ ಪಾಲಿಗೆ ಉಳಿಯಿತು? ಆಳಿನ ಪಾಲಿಗೆ, ಅಡುಗೆಯವನ ಪಾಲಿಗೆ, ನಗಿಸುವವನ ಪಾಲಿಗೆ. ನಮ್ಮ ನರಸಿಂಹರಾಜು ಆ ಪಾಲನ್ನೇ ಬಂಗಾರ ಮಾಡಿದ ಮಹಾನಟ. 1965ರ 'ಸತ್ಯ ಹರಿಶ್ಚಂದ್ರ'ದ ನಕ್ಷತ್ರಿಕನಾಗಿ ಅವರು ಆಡಿದ್ದನ್ನು ಕಂಡವರು ಮರೆಯಲಾರರು. ಆದರೂ ತೆಂಗಿನ ಸೀಮೆಯ ನುಡಿ ತೆರೆಯ ಮೇಲೆ ಕೇಳಿಬಂದಾಗಲೆಲ್ಲ ಜನ ನಗುವುದಕ್ಕೆ ಸಿದ್ಧರಾಗುತ್ತಿದ್ದರು ಎಂಬುದನ್ನು ಅಲ್ಲಗಳೆಯಲಾಗದು. 1983ರ 'ಕವಿರತ್ನ ಕಾಳಿದಾಸ' ಇದಕ್ಕೆ ಒಳ್ಳೆಯ ನಿದರ್ಶನ. ಉದಯಶಂಕರರ ಸಂಭಾಷಣೆಯಿರುವ ಆ ಚಿತ್ರದಲ್ಲಿ ನಾಯಕ ಮೊದಲು ಕುರಿ ಕಾಯುವ ಮುಗ್ಧ, ಆಡುವುದು ಹಳ್ಳಿಯ ನುಡಿ. ಕಾಳಿಯ ಅನುಗ್ರಹವಾದ ಗಳಿಗೆಯಿಂದ ಸಂಸ್ಕೃತಭೂಯಿಷ್ಠವಾದ ವಾಣಿ ಹರಿಯುತ್ತದೆ. ಎರಡು ಭಾಷೆಗಳನ್ನೂ ಒಂದೇ ಲೇಖನಿ ಸಮಾನವಾದ ಬಲದಿಂದ ಬರೆದಿದೆ. ಅದು ಲೇಖಕರ ಸಾಮರ್ಥ್ಯ. ಹಳ್ಳಿಯ ನುಡಿ ಅಜ್ಞಾನಕ್ಕೂ ಸಂಸ್ಕೃತದ ನುಡಿ ಜ್ಞಾನಕ್ಕೂ ಗುರುತಾಗಿ ನಿಂತದ್ದು ಆ ಕಾಲದ ಸಂಪ್ರದಾಯ. ಕುರುಬನ ಮಾತಿನ ಸೊಗಸನ್ನು ಅಷ್ಟು ಚೆನ್ನಾಗಿ ಬಲ್ಲವರು ಅದಕ್ಕೆ ನಗೆಯ ಆಚೆಗೂ ಒಂದು ಸ್ಥಾನವನ್ನು ಕೊಟ್ಟಿದ್ದರೆ ಎಂದು ನನಗೆ ಅನೇಕ ಸಲ ಅನ್ನಿಸಿದೆ.

ಬೇರೆ ಮಿತಿಗಳನ್ನೂ ಮುಚ್ಚಿಡಬೇಕಾಗಿಲ್ಲ. 1974ರ 'ಸಂಪತ್ತಿಗೆ ಸವಾಲ್' ನಾಟಕದಿಂದ ಚಿತ್ರವಾದದ್ದು. ಮಾತೂ ಹಾಡೂ ಉದಯಶಂಕರರವು. ಸಿರಿವಂತರ ಸೊಕ್ಕಿಗೆ ಬಡವನ ಆತ್ಮಗೌರವ ಎದುರು ನಿಲ್ಲುವ ಕಥೆ ಅದು. ಆ ಸೊಕ್ಕು ಒಬ್ಬ ಹುಡುಗಿಯ ರೂಪದಲ್ಲಿ ಬಂದು, ಗಂಡಿನಿಂದ ಪಾಠ ಕಲಿತು ತಗ್ಗುವುದು ಮಾತ್ರ ಆ ಬಗೆಯ ಚಿತ್ರಗಳ ಸಿದ್ಧ ಸೂತ್ರವಾಯಿತು. ಒಬ್ಬ ಮಹಾನಟನ ವ್ಯಕ್ತಿತ್ವಕ್ಕೆ ತಕ್ಕಂತೆ ವರ್ಷಗಟ್ಟಲೆ ಬರೆದಾಗ ನಾಯಕ ತಪ್ಪು ಮಾಡಲಾರದವನಾಗುತ್ತಾನೆ. ತಪ್ಪು ಮಾಡಲಾರದವನ ಮಾತಿನಲ್ಲಿ ತಿಳಿವಳಿಕೆ ಹೆಚ್ಚುತ್ತದೆ, ತಳಮಳ ಕಡಿಮೆಯಾಗುತ್ತದೆ. ಬೇಡಿಕೆಯ ಮೇಲೆ ಬರೆಯುವ ಲೇಖಕನಿಗೆ ಇದರಿಂದ ಬಿಡುಗಡೆ ಕಷ್ಟ.

ಹಾಡುಗಳ ವಿಷಯದಲ್ಲಿ ಎರಡು ಮಾತು ಸಾಕು. 'ಸಂಪತ್ತಿಗೆ ಸವಾಲ್' ಚಿತ್ರಕ್ಕೆ ಬರೆದ ಎಮ್ಮೆಯ ಹಾಡಿನಿಂದಲೇ ರಾಜಕುಮಾರರು ಗಾಯಕರಾಗಿ ನೆಲೆಗೊಂಡರು. ಎಮ್ಮೆಯ ಮೇಲೆ ಕುಳಿತವನಿಗೆ ಎಂತಹ ಸಾಹಿತ್ಯ ಬೇಕೆಂಬುದು ಉದಯಶಂಕರರಿಗೆ ತಿಳಿದಿತ್ತು. ಗುರು ರಾಘವೇಂದ್ರರ ಭಕ್ತಿಗೀತೆಗೆ ಎಂತಹುದು ಬೇಕೆಂಬುದೂ ಅಷ್ಟೇ ಚೆನ್ನಾಗಿ ತಿಳಿದಿತ್ತು. ಮಟ್ಟು ಮೊದಲು, ಮಾತು ಆಮೇಲೆ ಎಂಬ ಪದ್ಧತಿಯಲ್ಲಿ ಮಾತ್ರೆ ತಪ್ಪದೆ, ಅರ್ಥ ಕೆಡದೆ, ಹಾಡುವವನ ಉಸಿರಿಗೆ ಅಡ್ಡಬಾರದೆ ಬರೆಯುವುದು ಛಂದಸ್ಸನ್ನು ರಕ್ತದಲ್ಲಿ ಅರಿತವನಿಗೆ ಮಾತ್ರ ಸಾಧ್ಯ. ತರಗತಿಯಲ್ಲಿ ಲಯದ ಪಾಠ ಹೇಳುವಾಗ ನಾನು ಷಟ್ಪದಿಯ ಜೊತೆಗೆ ಅವರ ಹಾಡುಗಳನ್ನೂ ತೆಗೆದುಕೊಳ್ಳುತ್ತಿದ್ದೆ. ವಿದ್ಯಾರ್ಥಿಗಳಿಗೆ ಗಣವಿಭಾಗ ಬೇಗ ಅರ್ಥವಾಗುತ್ತಿದ್ದದ್ದು ಎರಡನೆಯದರಿಂದ.

ಉದಯಶಂಕರ್ 1993ರ ಜುಲೈನಲ್ಲಿ ತೀರಿಕೊಂಡರು. ಆಗ ಅವರಿಗೆ ಐವತ್ತೊಂಬತ್ತು ವರ್ಷ. ಅವರ ಚಿತ್ರಗಳನ್ನು ಇಂದಿಗೂ ಜನ ನೋಡುತ್ತಾರೆ, ಹಾಡುಗಳನ್ನು ಕೇಳುತ್ತಾರೆ. ಹಾಡಾದರೋ ಪುಸ್ತಕದ ಹಂಗಿಲ್ಲದೆ ಕಂಠದಿಂದ ಕಂಠಕ್ಕೆ ಹೋಗಿ ಬದುಕಿಕೊಳ್ಳುತ್ತದೆ. ಸಂಭಾಷಣೆಯ ಪಾಡು ಬೇರೆ. ನಟರ ಕೈಗೆ ಹೋದ ಹಾಳೆಗಳು ಚಿತ್ರೀಕರಣ ಮುಗಿದ ದಿನವೇ ಬೆಲೆ ಕಳೆದುಕೊಳ್ಳುತ್ತವೆ. ಅವನ್ನು ಕಾಪಿಡುವ ಪದ್ಧತಿ ನಮ್ಮಲ್ಲಿ ಬೆಳೆಯಲಿಲ್ಲ. ಒಬ್ಬ ಕವಿಯ ಹಸ್ತಪ್ರತಿಗೆ ತೋರುವ ಗೌರವದ ಕಾಲು ಭಾಗವನ್ನಾದರೂ ಈ ಹಾಳೆಗಳಿಗೆ ತೋರಿಸಬೇಕು. 'ಕಸ್ತೂರಿ ನಿವಾಸ', 'ನಾಗರಹಾವು', 'ಮಯೂರ', 'ಕವಿರತ್ನ ಕಾಳಿದಾಸ' ಈ ನಾಲ್ಕರ ಸಂಭಾಷಣೆಯನ್ನಾದರೂ ಚಿತ್ರದಿಂದ ಕೇಳಿ ಬರೆದಿಟ್ಟು, ಮೂಲ ಕಾದಂಬರಿ ಇರುವೆಡೆ ಅದರೊಡನೆ ಹೋಲಿಸಿ ನೋಡಿದರೆ, ಕನ್ನಡ ಎಂ.ಎ. ತರಗತಿಗೆ ಒಂದು ವರ್ಷದ ಪಾಠವಾಗುವಷ್ಟು ಸಾಮಗ್ರಿ ಸಿಗುತ್ತದೆ.

ಬೆಳ್ಳಾವೆ ನರಹರಿಶಾಸ್ತ್ರಿಗಳಿಂದ ಉದಯಶಂಕರರವರೆಗೆ ಹರಿದುಬಂದ ಈ ಬರವಣಿಗೆಯನ್ನು ಸಾಹಿತ್ಯವೆಂದು ಕರೆಯಬೇಕೆ, ಬೇಡವೆ ಎಂಬ ಚರ್ಚೆಯನ್ನು ವಿದ್ವಾಂಸರು ಬೇಕಾದರೆ ನಿಧಾನವಾಗಿ ನಡೆಸಲಿ. ಅಷ್ಟರಲ್ಲಿ ನಾವು ಮಾಡಬಹುದಾದ ಚಿಕ್ಕ ಕೆಲಸವೊಂದಿದೆ. ಮುಂದಿನ ಸಲ ಹಳೆಯ ಚಿತ್ರವೊಂದು ಮನೆಯ ಟೆಲಿವಿಷನ್ನಿನಲ್ಲಿ ಮೂಡಿದಾಗ, ಹೆಸರುಗಳು ಹರಿದುಹೋಗುವ ಮೊದಲ ಎರಡು ನಿಮಿಷ ಎದ್ದುಹೋಗದೆ ಕುಳಿತು, 'ಸಂಭಾಷಣೆ' ಎಂಬ ಮಾತಿನ ಕೆಳಗೆ ಯಾರ ಹೆಸರಿದೆಯೆಂದು ಓದೋಣ.